ಜೋಡೆತ್ತಿನ ಮಣ್ಣು

ಗಬ್ಬೂರ, ಹುಬ್ಬಳ್ಳಿ
ಸೋಮವಾರ, ೧೪ ಜುಲೈ ೨೦೨೫

ಪ್ರೀತಿಯ ಸೌಮ್ಯಾ,

ಹೇಗಿದ್ದೀಯವ್ವಾ? ಡೆಹ್ರಾಡೂನಿನಲ್ಲಿ ಮಳೆ ಜೋರಾಗಿದೆ ಎಂದು ಟಿವಿಯಲ್ಲಿ ತೋರಿಸಿದರು. ಹಾಸ್ಟೆಲ್ಲಿನ ಊಟ ಹೊಟ್ಟೆಗೆ ಒಗ್ಗಿತೋ ಇಲ್ಲವೋ? ಸೂಕ್ಷ್ಮದರ್ಶಕದ ಮೇಲೆ ಬಗ್ಗಿ ಬಗ್ಗಿ ಕತ್ತು ಹಿಡಿದಿದೆ ಎಂದಿದ್ದೆಯಲ್ಲ, ಕುಸುಬಿ ಎಣ್ಣೆ ಬೆಚ್ಚಗೆ ಮಾಡಿ ಹಚ್ಚಿಕೋ. ನಿನ್ನ ಮಾವನವರ ಕೆಮ್ಮು ಇಳಿದಿದೆ. ನನ್ನ ಮಗ ಗುರುಪಾದ ನೀನಿಲ್ಲದ ಮನೆಯಲ್ಲಿ ಬಾಡಿಗೆಗೆ ಇದ್ದವನ ಹಾಗೆ ಬಂದು ಉಂಡು ಹೋಗುತ್ತಾನೆ. ನಾನೂ ಆರಾಮ ಇದ್ದೇನೆ ಎಂದು ಬರೆಯಲು ಹೊರಟೆ, ಆದರೆ ಇಲ್ಲ. ಫೋನಿದ್ದೂ ಅತ್ತೆ ಪತ್ರ ಏಕೆ ಬರೆದಳು ಎಂದು ನಿನಗೆ ಅಚ್ಚರಿಯಾಗಬಹುದು. ಫೋನಿನಲ್ಲಿ ನನ್ನ ನಾಲಿಗೆ ಜಾರಿಕೊಳ್ಳುತ್ತದೆ, ಅದನ್ನು ಒಮ್ಮೆ ನೋಡಿಯಾಗಿದೆ. ಕಾಗದದ ಮೇಲೆ ಬರೆದದ್ದು ಬರೆದಲ್ಲೇ ಇರುತ್ತದೆ.

ಮೊದಲು ಹೇಳಬೇಕಾದದ್ದನ್ನು ಹೇಳಿಬಿಡುತ್ತೇನೆ. ಮಾಳಿಗೆಯ ಮೇಲಿನ ನಿನ್ನ ಎರಡು ಬಕೆಟ್ಟುಗಳನ್ನು ಹುಲಿಗೆವ್ವ ಎಡವಿ ಚೆಲ್ಲಿದಳು ಎಂದು ನಾನು ಹೇಳಿದ್ದು ಸುಳ್ಳು. ಪಾತ್ರೆ ತೊಳೆಯಲು ಬರುವ ಆ ಹೆಣ್ಣುಮಗಳು ನಿನ್ನ ಬಕೆಟ್ಟನ್ನು ಕಾಲಿನಿಂದಿರಲಿ, ಕೈಯಿಂದಲೂ ಮುಟ್ಟಿಲ್ಲ. ಮುಟ್ಟಿದವಳು ನಾನು. ಮುಂದೆ ನಿನಗೆ ಗೊತ್ತಿರುವುದನ್ನೂ ಸೇರಿಸಿಯೇ ಬರೆಯುತ್ತೇನೆ, ಬೇಸರಪಡಬೇಡ. ನನಗೆ ಎಷ್ಟು ಗೊತ್ತಿತ್ತು ಎನ್ನುವುದು ನಿನಗೆ ತಿಳಿಯಬೇಕು.

ಎರಡು ವರ್ಷದ ಹಿಂದೆ ನೀನು ಸ್ಪಿತಿಯ ಬೆಟ್ಟಗಳಿಂದ ಬರುವಾಗ, ನನ್ನ ಸೊಸೆ ಹಿಮಾಚಲದಿಂದ ಸೇಬು ತರುತ್ತಾಳೆ ಎಂದು ನಾನು ಓಣಿಯಲ್ಲೆಲ್ಲ ಹೇಳಿಕೊಂಡು ಬಂದಿದ್ದೆ. ನೀನು ರಿಕ್ಷಾದಿಂದ ಇಳಿಸಿದ್ದು ಎರಡು ಚೀಲ ಸುಣ್ಣದ ಕಲ್ಲು. ಓಣಿಯವರು ಇಂದಿಗೂ ಸೇಬು ಹೇಗಿದ್ದವು ಎಂದು ನನ್ನನ್ನು ಕೇಳುತ್ತಾರೆ. ಆ ಕಲ್ಲನ್ನು ನೀನು ಪುಡಿ ಮಾಡಿ ವಿನೆಗರಿನ ಆಮ್ಲದಲ್ಲಿ ನೆನೆಹಾಕಿದೆ. ಹುಳಿ ವಾಸನೆ ತಡೆಯಲಾರೆವು ಎಂದು ಕಾಲೇಜಿನವರು ತಕರಾರು ತೆಗೆದ ಮೇಲೆ ಎರಡು ಬಕೆಟ್ಟು ನಮ್ಮ ಮಾಳಿಗೆಗೆ ಬಂದವು. ಸುಣ್ಣ ಕರಗುತ್ತದೆ, ಒಳಗಿನ ಹಲ್ಲು ಕರಗುವುದಿಲ್ಲ, ತಳದ ಕೆಸರಿನಲ್ಲಿ ಉಳಿಯುತ್ತದೆ ಎಂದು ನೀನು ಹೇಳಿದ್ದೆ. ಮೊದಲ ಹಲ್ಲು ಸಿಕ್ಕ ದಿನ ನನ್ನನ್ನು ಎಳೆದು ತಂದು ಕೂರಿಸಿ ತೋರಿಸಿದೆ. ಸಾಸಿವೆಗಿಂತ ಸಣ್ಣದು, ಕಂದು ಬಣ್ಣದ್ದು, ಮುರಿದ ಬಾಚಣಿಗೆಯ ಹಾಗೆ. ಅದು ಸುಮಾರು ಐವತ್ತು ಕೋಟಿ ವರ್ಷದ ಹಿಂದೆ ಸಮುದ್ರದಲ್ಲಿದ್ದ ಬೆರಳುದ್ದದ ಜೀವದ್ದಂತೆ. ಮೈಯಲ್ಲಿ ಒಂದೂ ಎಲುಬಿಲ್ಲ, ಬೆನ್ನಿನುದ್ದಕ್ಕೂ ದಾರದಂಥದ್ದೊಂದು ಮಾತ್ರ, ಮತ್ತು ಬಾಯಲ್ಲಿ ಈ ಹಲ್ಲು. ಬೆನ್ನೆಲುಬಿರುವ ನಮ್ಮ ವಂಶದ ಬೇರು ಆ ಕಡೆಗೇ ಇದೆ ಎಂದೆ. ಹಾಗಾದರೆ ಇದು ನಮ್ಮ ಮುತ್ತಜ್ಜನೇನು ಎಂದು ನಾನು ಕೇಳಿದ್ದಕ್ಕೆ ನೀನು ನಕ್ಕು, "ಮುತ್ತಜ್ಜನೋ, ಮುತ್ತಜ್ಜನ ದಾಯಾದಿನೋ ಅಂತ ಇನ್ನೂ ಜಗಳ ನಡದೈತ್ರಿ ಅತ್ತಿ" ಎಂದಿದ್ದೆ. ದಾಯಾದಿ ಜಗಳ ಇಷ್ಟು ಹಳೆಯದು ಎಂದು ತಿಳಿದು ನನಗೆ ನಮ್ಮ ತವರಿನ ಹೊಲದ ಬದು ನೆನಪಾಗಿ ಸಮಾಧಾನವಾಯಿತು.

ಬಕೆಟ್ಟು ಎರಡೇಕೆ ಎನ್ನುವುದನ್ನೂ ನೀನು ಹೇಳಿದ್ದೆ. ಒಂದರಲ್ಲಿ ಬೆಟ್ಟದ ಕೆಳಗಿನ ಪದರಿನ ಕಲ್ಲು, ಇನ್ನೊಂದರಲ್ಲಿ ಮೇಲಿನ ಪದರಿನದು. ಬುಟ್ಟಿಯಲ್ಲಿ ತಳದ ರೊಟ್ಟಿ ಮೊದಲು ಬಡಿದದ್ದು, ಮೇಲಿನದು ಆಮೇಲೆ ಬಡಿದದ್ದು, ಹಾಗೆಯೇ ಇದು ಎಂದು ನನಗೆ ತಿಳಿಯುವ ಹಾಗೆ ಹೇಳಿದೆ. ಹಲ್ಲು ಸಿಗುವುದು ದೊಡ್ಡದಲ್ಲ, ಯಾವ ಹಲ್ಲು ಮೊದಲಿನದು, ಯಾವುದು ಆಮೇಲಿನದು ಎಂದು ತಿಳಿಯುವುದರಲ್ಲೇ ನಿನ್ನ ಸಂಶೋಧನೆ ನಿಂತಿತ್ತು. ಡೆಹ್ರಾಡೂನಿಗೆ ಹೋಗುವಾಗ ಬಕೆಟ್ಟುಗಳನ್ನು ನಿನ್ನ ಗಂಡನಿಗೆ ಒಪ್ಪಿಸದೆ ನನಗೆ ಒಪ್ಪಿಸಿದೆ. ಸೋಮವಾರಕ್ಕೊಮ್ಮೆ ನಾನು ಕೈಗವಸು ಹಾಕಿಕೊಂಡು ಹಳೆಯ ಆಮ್ಲ ಬಸಿದು ಹೊಸದನ್ನು ಹಾಕುತ್ತಿದ್ದೆ. ನನಗೆ ಅದರ ಜಂಬವೂ ಇತ್ತು.

ಜೂನ್ ಇಪ್ಪತ್ತೈದಕ್ಕೆ ಮಣ್ಣೆತ್ತಿನ ಅಮಾವಾಸ್ಯೆ. ಮದುವೆಯಾಗಿ ಬಂದಂದಿನಿಂದ ಪೂಜೆಯ ಮಣ್ಣಿನ ಎತ್ತಿನ ಜೋಡಿಯನ್ನು ನನ್ನ ಕೈಯಾರೆ ಮಾಡಿದ್ದೇನೆ, ಬಜಾರದ ಬಣ್ಣದ ಎತ್ತನ್ನು ಜಗಲಿಯ ಮೇಲೆ ಕೂರಿಸಿಲ್ಲ. ಪ್ರತಿ ವರ್ಷ ಶಿರಗುಪ್ಪಿಯಿಂದ ಎರೆಮಣ್ಣು ಬರುತ್ತಿತ್ತು. ಈ ಸಲ ಬರಲಿಲ್ಲ. ನಮ್ಮ ಬಡಾವಣೆಯಲ್ಲಿ ಅಗೆದರೆ ಸಿಗುವುದು ಕಲ್ಲುಹರಳಿನ ಮೊರಂ, ಅದರಲ್ಲಿ ಎತ್ತಿನ ಕೋಡು ನಿಲ್ಲುತ್ತದೆಯೇ? ಮಧ್ಯಾಹ್ನ ಮಾಳಿಗೆಗೆ ಹೋದೆ. ಕಲ್ಲೆಲ್ಲ ಕರಗಿ ತಳದಲ್ಲಿ ಕೆಸರು ಕೂತಿತ್ತು. ಬೆರಳಲ್ಲಿ ತೀಡಿ ನೋಡಿದರೆ ಬೆಣ್ಣೆ. ಮೂರು ಸಲ ನೀರು ಹಾಕಿ ಹುಳಿ ವಾಸನೆ ಹೋಗುವ ತನಕ ತೊಳೆದೆ. ಅಲ್ಲೇ ನೆಲ ಒರೆಸುತ್ತಿದ್ದ ಹುಲಿಗೆವ್ವ, "ಬ್ಯಾಡ್ರಿ ಅಕ್ಕಾರ, ಸೌಮ್ಯಕ್ಕಾರು ಮುಟ್ಟಬ್ಯಾಡ ಅಂದಾರ್ರಿ" ಎಂದಳು. ನಿನಗೇನು ತಿಳಿಯುತ್ತದೆ, ನಿನ್ನ ಕೆಲಸ ನೋಡು ಎಂದು ಗದರಿದೆ.

ಒಂದು ಬಕೆಟ್ಟಿನ ಕೆಸರು ಬೂದಿ ಬಣ್ಣದ್ದು, ಇನ್ನೊಂದರದು ಕಪ್ಪು. ಒಂದೊಂದರಲ್ಲಿ ಒಂದೊಂದು ಎತ್ತು ಮಾಡಬಹುದಿತ್ತು. ಹಾಗೆ ಮಾಡಿದ್ದರೆ ಇಂದು ನಾನು ಈ ಪತ್ರ ಬರೆಯಬೇಕಾಗಿರಲಿಲ್ಲ. ಆದರೆ ಜೋಡೆತ್ತು ಒಂದೇ ಬಣ್ಣದ್ದಿರಬೇಕು, ಒಂದು ಬಿಳಿ ಒಂದು ಕರಿ ಕಟ್ಟಿದರೆ ಒಕ್ಕಲುತನ ಏಳಿಗೆಯಾಗುವುದಿಲ್ಲ ಎಂದು ನನ್ನವ್ವ ಹೇಳುತ್ತಿದ್ದಳು. ಎರಡನ್ನೂ ಪರಾತದಲ್ಲಿ ಸುರಿದು, ಬಿರಿಯದಿರಲಿ ಎಂದು ಅರಳೆ ಸೇರಿಸಿ ನಾದಿದೆ. ಆ ಹೊತ್ತಿಗೆ ನಿನ್ನ ರೊಟ್ಟಿಯ ಮಾತು ನನಗೆ ನೆನಪಾಗಲಿಲ್ಲ. ಕಣ್ಣಿಗೆ ಗುಲಗಂಜಿ ಒತ್ತಿದೆ, ಕಡುಬಿನ ಎಡೆ ಮಾಡಿದೆ. ಇಂಥ ನುಣುಪು ಎತ್ತನ್ನು ತಮ್ಮ ಜನ್ಮದಲ್ಲಿ ಕಂಡಿಲ್ಲ ಎಂದು ನಿನ್ನ ಮಾವನವರು ಕೈಮುಗಿದರು.

ಮೂರು ದಿನದ ಮೇಲೆ ನೀನು ಫೋನಿನಲ್ಲಿ, ಕೆಸರು ಎಷ್ಟು ಕೂತಿದೆ ಅತ್ತಿ, ಸೋಸಿ ಒಣಗಿಸಿ ಬೇರೆ ಬೇರೆ ಪೊಟ್ಟಣ ಕಟ್ಟಿ ಕಳಿಸುತ್ತೀರಾ ಎಂದು ಕೇಳಿದೆ. ಪಕ್ಕದಲ್ಲಿ ಹುಲಿಗೆವ್ವ ಪಾತ್ರೆ ತೊಳೆಯುತ್ತಿದ್ದಳು. ಅವಳು ಕೇಳುತ್ತಿರುವಾಗಲೇ ಅವಳ ಹೆಸರು ಹೇಳಿದೆ. ನೀನು, "ಇರ್ಲಿ ಬಿಡ್ರಿ ಅತ್ತಿ, ಆಕಿಗೆ ಬೈಬ್ಯಾಡ್ರಿ" ಎಂದೆ. ನೀನು ಅತ್ತು ಬೈದಿದ್ದರೆ ನನಗೆ ಇಷ್ಟು ಕಷ್ಟವಾಗುತ್ತಿರಲಿಲ್ಲ. ಸಂಜೆ ಗುರುಪಾದ ವಿಷಯ ತಿಳಿದು, ನಾಳೆಯಿಂದ ಕೆಲಸಕ್ಕೆ ಬರಬೇಡ ಎಂದು ಅವಳಿಗೆ ಹೇಳಿದ. ಹನ್ನೊಂದು ವರ್ಷ ಈ ಮನೆಯಲ್ಲಿ ದುಡಿದವಳು. ಸೆರಗು ಸರಿಮಾಡಿಕೊಂಡು ಹೊರಟಳು. ಬಾಗಿಲ ಹತ್ತಿರ ನನಗೊಬ್ಬಳಿಗೇ ಕೇಳುವ ಹಾಗೆ, "ನಾ ಏನೂ ಅನ್ನೂದಿಲ್ರಿ. ನಿಮಗ ಗೊತ್ತೈತಿ" ಎಂದಳು. ಅಂದಿನಿಂದ ಪಾತ್ರೆಗಳನ್ನು ನಾನೇ ತೊಳೆಯುತ್ತಿದ್ದೇನೆ. ಮಂಡಿ ನೋಯುತ್ತದೆ, ನೋಯಲಿ.

ಹೀಗೇ ಮುಚ್ಚಿಟ್ಟುಕೊಂಡು ಇರುತ್ತಿದ್ದೆನೋ ಏನೋ. ಮೊನ್ನೆ ಶನಿವಾರ ಗುರುಪಾದ ಬಂದು, ಸೌಮ್ಯಾ ಸಂಶೋಧನೆ ಬಿಟ್ಟು ತಿಂಗಳ ಕೊನೆಗೆ ವಾಪಸ್ಸು ಬರುತ್ತಾಳಂತೆ ಎಂದ. ಆ ಎರಡು ಬಕೆಟ್ಟಿಲ್ಲದೆ ಹಿಂದಿನ ಕೆಲಸವೂ ಅರ್ಧಕ್ಕೆ ನಿಂತಿತಂತೆ, ಆಳು ಚೆಲ್ಲಿದಳೆಂದು ವೃಂದಾ ಮೇಡಂ ಅವರಿಗೂ ತಿಳಿಸಿದ್ದೀಯಂತೆ. ನಿನಗೆ ಪಾಠ ಹೇಳುವ ಗುರುವಿನ ಎದುರಿಗೂ ನನ್ನ ಸುಳ್ಳು ನಿನ್ನ ಬಾಯಿಂದ ಹೋಯಿತು. ಗುರುಪಾದನನ್ನು ಕೂರಿಸಿ ಎಲ್ಲ ಹೇಳಿದೆ. ಅವನು ನನ್ನ ಮುಖ ನೋಡದೆ, ಇದನ್ನು ಸೌಮ್ಯಾಗೆ ನಾನು ಹೇಳುವುದಿಲ್ಲ, ನೀನೇ ಹೇಳಬೇಕು ಎಂದ.

ನಿನ್ನೆ ಅವನನ್ನು ಕರೆದುಕೊಂಡು ಹುಲಿಗೆವ್ವನ ಮನೆಗೆ ಹೋದೆ. ಅವಳ ಗಂಡ, ಸೊಸೆ ಎಲ್ಲರ ಮುಂದೆ, ತಪ್ಪು ನನ್ನದು, ನಿನ್ನ ಮೇಲೆ ಹಾಕಿದೆ ಎಂದೆ. ಕೈ ಹಿಡಿಯಲು ಹೋದೆ, ಹಿಟ್ಟಿನ ಕೈ ಎಂದು ಹಿಂದೆ ಸರಿದಳು. ಚಹಾ ಕೊಟ್ಟಳು. ಕೆಲಸಕ್ಕೆ ಬಾ ಎಂದು ಕೇಳಿದಾಗ ಮಾತ್ರ, "ಸೌಮ್ಯಕ್ಕಾರಿಗೆ ಬರದೀರೇನ್ರಿ?" ಎಂದಳು. ಇಲ್ಲ ಎಂದೆ. "ಬರೀರಿ. ಆಮ್ಯಾಲ ಬರ್ತೇನಿ" ಎಂದಳು. ಅವಳು ಕೇಳಿದ್ದು ನ್ಯಾಯ.

ಇನ್ನೊಂದು ಮಾತು. ಎತ್ತುಗಳನ್ನು ಮಾರನೆಯ ದಿನ ನೀರಿಗೆ ಬಿಡುವುದು ಪದ್ಧತಿ. ನಾನು ಬಿಟ್ಟಿಲ್ಲ. ಜಗಲಿಯ ಮೇಲೆ ಹಾಗೆಯೇ ಇವೆ. ಹಲ್ಲುಗಳೆಲ್ಲ ಅವುಗಳ ಹೊಟ್ಟೆಯಲ್ಲೇ ಇರಬೇಕು, ಆದರೆ ಕೆಳಗಿನವೂ ಮೇಲಿನವೂ ಕೂಡಿಬಿಟ್ಟಿವೆ. ಅದಕ್ಕೆ ಏನಾದರೂ ಬೆಲೆ ಇದ್ದರೆ ಹೇಳು, ನಿನ್ನ ಜರಡಿಯ ಮೇಲೆ ನೀರು ಬಿಟ್ಟು ಕರಗಿಸಿ ಇಡುತ್ತೇನೆ. ವೃಂದಾ ಮೇಡಂ ಅವರಿಗೆ ಈ ಪತ್ರ ಓದಿ ಹೇಳು. ನನ್ನ ಹೆಸರು ಮುಚ್ಚಬೇಡ. ಕ್ಷಮಿಸು ಎಂದು ಕೇಳಲು ಬಾಯಿಲ್ಲ, ಆದರೂ ಕೇಳುತ್ತಿದ್ದೇನೆ.

ಹೊತ್ತಿಗೆ ಸರಿಯಾಗಿ ಉಣ್ಣು, ಕೊಡೆ ಮರೆಯಬೇಡ. ಮಾವನವರು ಆಶೀರ್ವಾದ ಹೇಳಿದ್ದಾರೆ. ಬಸವಣ್ಣ ನಿನ್ನ ಕಣ್ಣು ಚುರುಕಾಗಿಟ್ಟಿರಲಿ.

ನಿನಗೆ ಮುಖ ತೋರಿಸಲು ಅಂಜುತ್ತಿರುವ ಅತ್ತೆ,
ಗೌರಕ್ಕ

ತಾ.ಕ.: ಲಕೋಟೆ ಅಂಟಿಸಿದ್ದೆ, ಮತ್ತೆ ಹರಿದೆ. ಮೇಲೆ ಇನ್ನೊಂದು ಸುಳ್ಳು ಉಳಿದಿದೆ. ರೊಟ್ಟಿಯ ಮಾತು ನೆನಪಾಗಲಿಲ್ಲ ಎಂದು ಬರೆದೆನಲ್ಲ, ನೆನಪಿತ್ತು. ಎರಡೂ ಬಕೆಟ್ಟಿನ ಮೇಲೆ ನೀನು ದಪ್ಪ ಅಕ್ಷರದಲ್ಲಿ ಬರೆದು ಅಂಟಿಸಿದ್ದ ಚೀಟಿಯನ್ನೂ ಎರಡು ಸಲ ಓದಿದೆ: ಅತ್ತಿ, ಇವೆರಡನ್ನ ಕೂಡಿಸಬ್ಯಾಡ್ರಿ. ಆ ದಿನ ಬೆಳಿಗ್ಗೆ ನೀನು ಫೋನು ಮಾಡಿ, ಜುಲೈಗೆ ಬರಲಾಗುವುದಿಲ್ಲ, ದೀಪಾವಳಿ ಆಗುತ್ತದೆ ಎಂದಿದ್ದೆ. ಈ ಕೆಸರು ಇರುವ ತನಕ ಇವಳು ಮನೆಗೆ ಬರುವುದಿಲ್ಲ ಎನ್ನಿಸಿತು. ಸಿಟ್ಟಿನಲ್ಲಿ ಕೂಡಿಸಿದೆ. ಎತ್ತಿನ ಬಣ್ಣ ಆಮೇಲೆ ಹೊಳೆದ ನೆಪ. ಈಗ ನಾನು ಬೇಡಿದ್ದೇ ಆಗುತ್ತಿದೆ, ನೀನು ಬರುತ್ತಿದ್ದೀ. ಬರಬೇಡ ಸೌಮ್ಯಾ. ಸ್ಪಿತಿಯ ದಾರಿ ಸೆಪ್ಟೆಂಬರ್ ತನಕ ತೆರೆದಿರುತ್ತದೆ ಎಂದು ನೀನೇ ಹೇಳಿದ್ದೆ. ಟಿಕೀಟು ರದ್ದು ಮಾಡಿ ಆ ಬೆಟ್ಟಕ್ಕೆ ಹೋಗು, ಎರಡೂ ಪದರಿನ ಕಲ್ಲು ತಾ. ಬರಿಗೈಯಲ್ಲಿ ಬಂದರೆ ನಾನು ಬಾಗಿಲು ತೆಗೆಯುವುದಿಲ್ಲ.