ತಾರಸಿಗೆ ಹೋದ ರಾಗ

ಭಾನುವಾರ ಮಧ್ಯಾಹ್ನ

ಮುನಿಸಿನ ಗುಬ್ಬಿಗೆ,

ಕೋಪ ಇಳಿಯಿತಾ ಅಂತ ಕೇಳುವುದಿಲ್ಲ. ಅಮ್ಮನ ಮನೆಗೆ ಹೊರಟ ದಿನ ನೀನಂದದ್ದು ಇನ್ನೂ ಚುಚ್ಚುತ್ತಿದೆ: "ಲೋಕದ ಸದ್ದೆಲ್ಲ ಕೇಳಿಸುತ್ತೆ ನಿಂಗೆ, ನಾನು ಕರೆದ್ರೆ ಮಾತ್ರ ಕಿವುಡು."

ಧಾರಾವಾಹಿಯಲ್ಲಿ ಅತ್ತೆ ಕಣ್ಣು ಕೆಂಪಗೆ ಮಾಡಿದಾಗಲೆಲ್ಲ ಢಂ ಅನ್ನಿಸುವುದು ನನ್ನ ಕಸುಬು. "ನಂಗೆ ಸಿಟ್ಟು ಬಂದಾಗ್ಲೂ ಒಂದು ಢಂ ಹಾಕು ಸ್ವಾಮಿ, ಆಗ್ಲಾದ್ರೂ ತಿರುಗಿ ನೋಡ್ತೀಯ" ಅಂತ ನೀನು ಅಣಕಿಸುತ್ತಿದ್ದೆ. ನಾನು ನಕ್ಕು ಮತ್ತೆ ಕೀಬೋರ್ಡಿಗೆ ಅಂಟಿಕೊಳ್ಳುತ್ತಿದ್ದೆ.

ಈಗ ಕೇಳು. ಒಬ್ಬ ಸಿನಿಮಾ ನಿರ್ದೇಶಕರು ಕರೆಸಿದ್ದರು. ಹತ್ತನೇ ಕ್ಲಾಸಿಗೇ ಪುಸ್ತಕ ಮುಚ್ಚಿದವನಿಗೆ ಮೊದಲ ಸಿನಿಮಾ! ಮನೆಯಲ್ಲಿ ನುಡಿಸಿ ಫೋನಿನಲ್ಲಿ ಹಿಡಿದಿಟ್ಟಿದ್ದ ರಾಗವೊಂದನ್ನು ಕೇಳಿಸಿದೆ. ಅವರು ಕಣ್ಣು ಮುಚ್ಚಿ ಕೂತರು.

"ಹಿಂದೆ ಹಾಡ್ತಿರೋದು ಯಾರ್ರೀ?" ಅಂದರು.

ಯಾರೂ ಇಲ್ಲ ಸಾರ್ ಅಂದೆ.

"ಕಿವಿಗೇನು ಹತ್ತಿ ಇಟ್ಕೊಂಡಿದೀರಾ? ಆ ಹೆಣ್ಣಿನ ದನಿ ಕಣ್ರೀ. ಅದೇ ನನ್ನ ಸಿನಿಮಾ."

ಮತ್ತೆ ಹಾಕಿ ಕೇಳಿದೆ. ಅದು ನೀನು. ಬಚ್ಚಲಲ್ಲಿ ಬಟ್ಟೆ ಹಿಂಡುತ್ತಾ ನನ್ನ ರಾಗಕ್ಕೇ ಗುನುಗುತ್ತಿದ್ದೀಯ. ನಾನು ತಡವರಿಸಿದ ಕಡೆ ನೀನು ತಡವರಿಸಿಲ್ಲ. ಆಮೇಲೆ ಬಕೆಟ್ ಎತ್ತಿಕೊಂಡು ತಾರಸಿಗೆ ಹೊರಡುತ್ತೀಯ. ಬಾಗಿಲು ಕಿರುಗುಟ್ಟುತ್ತದೆ, ಮೆಟ್ಟಿಲ ಮೇಲೆ ಚಪ್ಪಲಿ ಸದ್ದು, ದನಿ ಬಿಸಿಲಿಗೆ ಕರಗುತ್ತಾ ಕರಗುತ್ತಾ ಇಲ್ಲವಾಗುತ್ತದೆ. ರಾಗದ ಅರ್ಧ ನಿನ್ನ ಜೊತೆಗೇ ಮೇಲೆ ಹೋಗಿದೆ.

ಈಗ ಕಣ್ಣು ಹತ್ತಿದರೆ ಸಾಕು, ಆ ಮೆಟ್ಟಿಲು ಹತ್ತುತ್ತಿರುತ್ತೇನೆ. ಮೇಲೆ ಒದ್ದೆ ಬೆಡ್‌ಶೀಟುಗಳು ಹಾಯಿಯಂತೆ ಉಬ್ಬಿರುತ್ತವೆ. ಅವುಗಳ ಹಿಂದೆಲ್ಲೋ ನೀನು ಗುನುಗುತ್ತಿರುತ್ತೀಯ. ಒಂದನ್ನು ಸರಿಸಿದರೆ ಇನ್ನೊಂದು, ಅದನ್ನು ಸರಿಸಿದರೆ ಮತ್ತೊಂದು.

ನಿರ್ದೇಶಕರು "ಅವರನ್ನ ಕರ್ಕೊಂಡು ಬನ್ನಿ, ಇಲ್ಲಾಂದ್ರೆ ಇದನ್ನೇ ಕೊಡಿ, ಹಾಗೇ ಹಾಕೋಣ" ಅಂದರು. ನನ್ನ ಹೆಂಡತಿ ಸಾರ್, ಅವಳನ್ನು ಕೇಳಬೇಕು ಅಂದೆ. "ಹೆಂಡ್ತೀನ ಕೇಳೋಕೆ ಎಷ್ಟೊತ್ತು ಬೇಕ್ರೀ?" ಅಂತ ನಕ್ಕರು. ನೀನು ಊರಲ್ಲಿಲ್ಲ ಅಂದೆನೇ ಹೊರತು ಮುನಿಸಿಕೊಂಡು ಹೋದದ್ದು ಹೇಳಲಿಲ್ಲ. ನಿನಗೆ ಫೋನ್ ಮಾಡಲು ಹೋದೆ, ಕೈ ಬರಲಿಲ್ಲ. ಕೆಲಸಕ್ಕಾಗಿ ಕರೆಯುತ್ತಿದ್ದಾನೆ ಅಂದುಕೊಂಡುಬಿಟ್ಟರೆ?

ಗುಬ್ಬಿ, ಮೇಲೆ ಹೋಗಿ ಏನು ಹಾಡಿಕೊಂಡೆ? ಬಂದು ಹೇಳು. ನಾನೇನೂ ನುಡಿಸುವುದಿಲ್ಲ, ಫೋನಿನಲ್ಲಿ ಹಿಡಿದಿಡುವುದೂ ಇಲ್ಲ. ಸುಮ್ಮನೆ ಕೂತು ಕೇಳುತ್ತೇನೆ.

ನಿನ್ನವನೇ
(ನೀನು ಒಪ್ಪಿದರೆ)

ತಾ.ಕ.: ಒಂದು ವಿಷಯ ನುಂಗಿಕೊಂಡಿದ್ದೆ. ಕೇಳದೆ ನಿನ್ನ ದನಿ ಕೊಡಲು ಮನಸ್ಸು ಬರಲಿಲ್ಲ. ಅವರೂ ಕಾಯಲಿಲ್ಲ. ಆ ಸಿನಿಮಾ ಹೋದ ವಾರವೇ ಇನ್ನೊಬ್ಬನ ಪಾಲಾಯಿತು. ಈಗ ನೀನು ಬಂದರೆ ಕೇಳುವುದಕ್ಕೆ ನಾನೊಬ್ಬನೇ.