ಮಂಗಳವಾರ ಹುಟ್ಟಿದವರ ಎರಡು ವರ್ಷ

ಕುಮಾಸಿ
16 ಜೂನ್ 2022, ಗುರುವಾರ

ಪ್ರೀತಿಯ ಅಪ್ಪ,

ದುಡಿಸಿಕೊಂಡು ಕೊಟ್ಟ ಸಂಬಳವನ್ನು ನಿವೃತ್ತಿಯ ಹಣದಲ್ಲಿ ಮುರಿದುಕೊಳ್ಳುವುದು ಕಳ್ಳತನ. ಇದನ್ನು ಮೊದಲು ಬರೆದುಬಿಡುತ್ತೇನೆ, ಕ್ಷೇಮಸಮಾಚಾರ ಆಮೇಲೆ.

ಕಾಗದ ತಡವಾಯಿತು, ಬೇಸರ ಮಾಡಿಕೊಳ್ಳಬೇಡಿ. ಪ್ರೆಸ್ಸಿನಲ್ಲಿ ಸಾವಿನ ಪೋಸ್ಟರುಗಳ ಕೆಲಸ ವಿಪರೀತ. ಸತ್ತವರ ಮನೆಯವರು ಬಂದು ನಿಂತು ವಯಸ್ಸಿಗೆ ಐದಾರು ವರ್ಷ ಸೇರಿಸಿ ಹಾಕಿಸುತ್ತಾರೆ. ನಮ್ಮ ಪ್ರೆಸ್ಸಿನಲ್ಲಿ ತೊಂಬತ್ತರ ಒಳಗೆ ಯಾವ ಅಜ್ಜಿಯೂ ಸಾಯುವುದಿಲ್ಲ. ನನ್ನ ಆರೋಗ್ಯ ಚೆನ್ನಾಗಿದೆ, ಸಿಟ್ಟೊಂದು ಬಿಟ್ಟು. ಫೋನಿನಲ್ಲಿ ಈ ವಿಷಯ ಎತ್ತಿದರೆ ನೀವು "ಅಲ್ಲಿ ಮಳೆ ಬಂತಾ?" ಅನ್ನುತ್ತೀರಿ. ಅದಕ್ಕೇ ಬರೆಯುತ್ತಿದ್ದೇನೆ.

ಮೂವತ್ತಾರು ವರ್ಷ ಊರಿನ ಪಂಪ್‌ಹೌಸಿನಲ್ಲಿ ವಾಲ್ವ್ ತಿರುಗಿಸಿದಿರಿ. ಹೋದ ವರ್ಷ ಮಾರ್ಚ್ ಹದಿನಾಲ್ಕಕ್ಕೆ ಅರವತ್ತು ತುಂಬಿ ಮನೆಗೆ ಬಂದಿರಿ. ಈಗ ಪಿಂಚಣಿ ಕಚೇರಿಯವರು ನೀವು ಹುಟ್ಟಿದ್ದು 1961ರಲ್ಲಲ್ಲ, 1959ರಲ್ಲಿ ಅನ್ನುತ್ತಾರೆ. ಎರಡು ವರ್ಷ ಮೊದಲೇ ಎದ್ದು ಹೋಗಬೇಕಿತ್ತಂತೆ. ಆ ಎರಡು ವರ್ಷದ ಸಂಬಳ "ಹೆಚ್ಚುವರಿ"ಯಂತೆ. ಹಾಗಾದರೆ ಆ ಎರಡು ವರ್ಷ ಊರಿಗೆ ನೀರು ಬಿಟ್ಟದ್ದು ದೆವ್ವವೇ? ಅದನ್ನು ಕಳೆದರೆ ನಿಮಗೆ ಬರಬೇಕಾದ ಇಡಿಗಂಟಿನಲ್ಲಿ ಅರ್ಧವೂ ಉಳಿಯುವುದಿಲ್ಲ. ಜೂನ್ ಮೂವತ್ತರೊಳಗೆ ಅವರ ಒಪ್ಪಿಗೆ ಪತ್ರಕ್ಕೆ ನೀವು ಸಹಿ ಹಾಕಿದರೆ ಮುಗಿಯಿತು, ಆಮೇಲೆ ಯಾರೂ ಕೇಳುವ ಹಾಗಿಲ್ಲ.

ನಿನ್ನೆ ಅರ್ಧ ದಿನ ರಜೆ ಹಾಕಿ ಇಲ್ಲಿನ ಕಚೇರಿಗೆ ಹೋದೆ. ನಿಮ್ಮ ಕಡತ ಇರುವುದು ಕ್ವಾಸಿ ಬೊವಾಡಿ ಎಂಬ ಗುಮಾಸ್ತನ ಬಳಿ. ಪ್ರೆಸ್ಸಿನ ಹಳೆಯ ಕ್ಯಾಲೆಂಡರುಗಳಲ್ಲಿ ಹುಡುಕಿಟ್ಟಿದ್ದನ್ನು ಅವನ ಮುಂದೆ ಇಟ್ಟೆ.

"ನೋಡಿ, 1959ರ ಮಾರ್ಚ್ ಹದಿನಾಲ್ಕು ಶನಿವಾರ. 1961ರದು ಮಂಗಳವಾರ. ನಮ್ಮಪ್ಪನ ಹೆಸರು ಕ್ವಾಬೆನಾ. ಶನಿವಾರ ಹುಟ್ಟಿದ ಮಗೂಗೆ ಮಂಗಳವಾರದ ಹೆಸರು ಯಾರಾದ್ರೂ ಇಡ್ತಾರಾ?"

"ಹೆಸರು ದಾಖಲೆ ಅಲ್ಲ ಕಣಮ್ಮ."

"ನೀವು ಹುಟ್ಟಿದ್ದು ಯಾವ ವಾರ?"

"ಭಾನುವಾರ."

"ಯಾರು ಹೇಳಿದ್ರು?"

"ಕ್ವಾಸಿ ಅಂತಾನೇ ಇದೆಯಲ್ಲ ಹೆಸರು, ಇನ್ಯಾರು ಹೇಳ್ಬೇಕು?"

ಸಾಲಿನಲ್ಲಿದ್ದವರೆಲ್ಲ ನಕ್ಕರು. ಹಿಂದೆ ನಿಂತಿದ್ದ ನಿವೃತ್ತ ಸೂಲಗಿತ್ತಿಯೊಬ್ಬರು ಬಿಡಲಿಲ್ಲ. "ಏನಪ್ಪಾ ಭಾನುವಾರದವನೇ, ನಾನು ಎರಡು ಸಾವಿರ ಹೆರಿಗೆ ಮಾಡ್ಸಿದೀನಿ. ವಾರ ತಪ್ಪಿ ಹೆಸರಿಟ್ಟ ಒಬ್ಬ ತಾಯಿನ ತೋರ್ಸು, ನನ್ನ ಪಿಂಚಣಿ ನೀನೇ ತಗೋ."

ಅವನು ಕಡತವನ್ನು ತನ್ನತ್ತ ಎಳೆದುಕೊಂಡ. "2010ರಲ್ಲಿ ಕಂಪ್ಯೂಟರಿಗೆ ಹಾಕುವಾಗ ನಿಮ್ಮಪ್ಪನೇ ಕೊಟ್ಟ ಫಾರಂ ಇದೆ. ಅದರಲ್ಲಿ 1959 ಅಂತಿದೆ. ಕೆಲಸಕ್ಕೆ ಸೇರಿದಾಗಿನ ರಿಜಿಸ್ಟರು ಸೋರೋ ಮಾಡಿನ ಕೆಳಗೆ ನೆಂದು ಹಾಳಾಯ್ತು. ನಾನೇನು ಮಾಡ್ಲಿ?" ಅಂದ. ಫಾರಂ ತೋರಿಸು ಎಂದರೆ ನಾಳಿದ್ದು ಬಾ ಅಂದ.

ನಾಳಿದ್ದು ಎಂದರೆ ನಾಳೆ. ಹೋಗುತ್ತೇನೆ. ಅದನ್ನು ತುಂಬಿದ ಮಂಕು ಯಾರು ಅಂತ ನಾನು ನೋಡಲೇಬೇಕು. ಕಾರ್ಮಿಕ ಸಂಘದ ಕರಪತ್ರದಲ್ಲಿ ಸ್ಪಷ್ಟವಾಗಿದೆ: ದುಡಿದ ದಿನದ ಸಂಬಳ ದುಡಿದವರದು. ನಾನು ಅದಕ್ಕೆ ಕೆಂಪು ಗೆರೆ ಎಳೆದಿದ್ದೇನೆ. ನೀವು ಮಾತ್ರ "ಯಾರೋ ತಪ್ಪು ಮಾಡಿದಾರೆ, ಪಾಪ, ಬಿಟ್ಬಿಡು" ಅನ್ನುತ್ತೀರಿ. ಪಾಪ ಯಾಕೆ? ಅಮ್ಮ ಹೇಳಿದಳು, ಒಪ್ಪಿಗೆ ಪತ್ರವನ್ನು ಕೀರ್ತನೆ ಪುಸ್ತಕದೊಳಗೆ ಪೆನ್ನಿನ ಸಮೇತ ಇಟ್ಟಿದ್ದೀರಂತೆ, ಮೂರು ದಿನದಿಂದ ಊಟಕ್ಕೆ ಕೂತು ಫುಫು ಮುದ್ದೆಯನ್ನು ಅರ್ಧಕ್ಕೇ ಬಿಟ್ಟು ಏಳುತ್ತೀರಂತೆ. ಅರವತ್ತೊಂದನೇ ವಯಸ್ಸಿನಲ್ಲಿ ಕೋಕೋ ಗೋದಾಮಿಗೆ ಕಾವಲು ಹೋಗುತ್ತೀರಂತೆ. ನಿಮ್ಮ ಈ ತಾಳ್ಮೆ ನೋಡಿದರೆ ನನಗೆ ಬೊವಾಡಿಗಿಂತ ನಿಮ್ಮ ಮೇಲೇ ಹೆಚ್ಚು ರೇಗುತ್ತದೆ.

ಸಹಿ ಹಾಕಬೇಡಿ. ಅಮ್ಮನಿಗೆ ನಮಸ್ಕಾರ ತಿಳಿಸಿ. ನನ್ನನ್ನು ಹರಸಿ, ಜಗಳಕ್ಕೆ ಬಲ ಬರಲಿ ಎಂದು ಹರಸಿ.

ನಿಮ್ಮ ಮಗಳು
ಅಫಿಯಾ ಪೊಕುವಾ

ತಾ.ಕ.: ಶುಕ್ರವಾರ ಸಂಜೆ. ಕಾಗದವನ್ನು ನಮ್ಮೂರಿನ ಬಸ್ಸಿನ ಚಾಲಕನ ಕೈಗೆ ಕೊಡುವ ಮೊದಲು ಇದನ್ನು ಸೇರಿಸುತ್ತಿದ್ದೇನೆ.

ಬೊವಾಡಿ ಫಾರಂ ತೋರಿಸಿದ. ದುಂಡು ಅಕ್ಷರ, ಒಂಬತ್ತರ ಬಾಲಕ್ಕೆ ಸುರುಳಿ. ಅಪ್ಪ, ಅದು ನನ್ನ ಕೈ.

ಆಗ ನನಗೆ ಹನ್ನೆರಡು ವರ್ಷ. "ನನ್ನ ಮಗಳು ಅಚ್ಚು ಹಾಕ್ದಂಗೆ ಬರೀತಾಳೆ" ಎಂದು ಪಂಪ್‌ಹೌಸಿನವರಿಗೆಲ್ಲ ಹೇಳಿಕೊಂಡು ಬಂದು ಫಾರಂ ನನ್ನ ಕೈಗೆ ಕೊಟ್ಟು ಪಾಳಿಗೆ ಹೋದಿರಿ. ದಿನ, ತಿಂಗಳು ನನಗೆ ಬಾಯಿಪಾಠ, ವರ್ಷ ಗೊತ್ತಿರಲಿಲ್ಲ. ಗೋಡೆಯ ಮೇಲೆ ಹಿಂದಿನ ವರ್ಷ ತೀರಿಕೊಂಡ ದೊಡ್ಡಪ್ಪನ ಪೋಸ್ಟರು ಇನ್ನೂ ಇತ್ತು: ವಯಸ್ಸು ಐವತ್ತೆರಡು. ನೀವು ಅವರಿಗಿಂತ ಎರಡು ವರ್ಷ ಚಿಕ್ಕವರು ಎಂದು ಸದಾ ಹೇಳುತ್ತಿದ್ದಿರಿ. ಲೆಕ್ಕ ಹಾಕಿ 1959 ಎಂದು ಬರೆದೆ. "ಐವತ್ತಕ್ಕೇ ಹೋದ ಅಂದ್ರೆ ಮನೆತನಕ್ಕೆ ಏನು ಮರ್ಯಾದೆ, ಎರಡು ಸೇರ್ಸಿ ಹಾಕ್ಸಿ" ಎಂದು ಮನೆತನದ ಹಿರಿಯರು ಹೇಳಿದ್ದು ನನಗೆ ಇವತ್ತು ಅಮ್ಮನಿಂದ ತಿಳಿಯಿತು.

ತಪ್ಪು ಬರೆದದ್ದು ನಾನೆಂದು ನಿಮಗೆ ನೋಟೀಸು ಬಂದ ದಿನವೇ ಗೊತ್ತಿತ್ತು. ಜಗಳಕ್ಕೆ ಹೋದರೆ ಬರೆದವರು ಯಾರೆಂದು ಅವರು ಕೇಳುತ್ತಾರೆ, ನನಗೆ ತಿಳಿಯುತ್ತದೆ ಎಂದು ಸಹಿ ಹಾಕಲು ಹೊರಟಿದ್ದಿರಿ. ನಿನ್ನೆ ನಾನು ಮಂಕು ಎಂದು ಬೈದಿದ್ದನ್ನು ಅಳಿಸಿಲ್ಲ, ಹಾಗೇ ಇರಲಿ.

ನನ್ನ ಅಕ್ಷರದ ಮರ್ಯಾದೆಗೆ ನಿಮ್ಮ ಎರಡು ವರ್ಷದ ಬೆವರು ಕೊಡಬೇಡಿ. ಫಾರಂ ತುಂಬಿದವರು ಬಂದು ಬರೆದುಕೊಟ್ಟರೆ, ನಿಮ್ಮ ನೇಮಕದ ಪತ್ರವೂ ಸಿಕ್ಕರೆ, ಮೇಲಕ್ಕೆ ಕಳಿಸುತ್ತಾನಂತೆ ಬೊವಾಡಿ. ಆಗುತ್ತದೆ ಎಂದು ಮಾತು ಕೊಟ್ಟಿಲ್ಲ. ಆದರೂ ನಿಮ್ಮ ಎದುರಿಗೇ ಬರೆದುಕೊಡುತ್ತೇನೆ, ಅದೇ ಕೈಯಲ್ಲಿ.

ತಗಡಿನ ಪೆಟ್ಟಿಗೆಯಲ್ಲಿರುವ ನೇಮಕದ ಪತ್ರ ತೆಗೆದುಕೊಂಡು ಮೊದಲ ಬಸ್ಸಿಗೆ ಬನ್ನಿ. ಜೂನ್ 28, ಬೆಳಿಗ್ಗೆ ಒಂಬತ್ತು ಗಂಟೆ, ಕಚೇರಿಯ ಗೇಟಿನ ಪಕ್ಕದ ಬೇವಿನ ಮರದ ಕೆಳಗೆ. ಅವತ್ತು ನಿಮ್ಮ ವಾರ, ಮಂಗಳವಾರ.