ಕೆಂಚವ್ವನಿಗೆ ತೋರಿಸದ ಕೂಸು

ಹೊಸಹಗರಿಯ ನೆರಳಂಚು,
ಕೆಂಚವ್ವನ ನಲವತ್ತೊಂದನೇ ಮುನಿಸು ಕಳೆದ ಮೇಲಿನ ಮೂರನೇ ಬೆಳೆ.

ಇನ್ನೂ ಭೂಮಿಯಲ್ಲೇ ಇರುವ ಹಿರಿಯರಿಗೆ,

ಮೇಲಿನ ತಾರೀಖು ನಿಮಗೆ ಅರ್ಥವಾಗದಿದ್ದರೆ ಅದು ನನ್ನ ತಪ್ಪಲ್ಲ. ಇಲ್ಲಿ ಹಗಲು ಮುಗಿಯುವುದಿಲ್ಲ, ಹಾಗಾಗಿ ದಿನ ಎಣಿಸುವವರೂ ಇಲ್ಲ. ನಮ್ಮ ಹೊಸಹಗರಿ ನೆಲದ ಒಂದು ಮಗ್ಗುಲು ಸದಾ ನಕ್ಷತ್ರಕ್ಕೆ ಮುಖ ಮಾಡಿಕೊಂಡಿದೆ, ಇನ್ನೊಂದು ಮಗ್ಗುಲು ಸದಾ ಕತ್ತಲು. ಮಲಗಿ ಎದ್ದರೆ ಒಂದು ನಿದ್ದೆ ಎನ್ನುತ್ತೇವೆ. ನಕ್ಷತ್ರ ಸಿಡಿದು ಬೆಂಕಿ ಉಗುಳಿದರೆ ಅದನ್ನು ಮುನಿಸು ಎನ್ನುತ್ತೇವೆ. ನನ್ನ ಮಾತು ನಿಮಗೆ ವಿಚಿತ್ರವಾಗಿ ಕೇಳಿಸಬಹುದು. ಅದಕ್ಕೆ ಕ್ಷಮೆ ಇರಲಿ. ಸಿಟ್ಟಿಗೆ ಮಾತ್ರ ಕ್ಷಮೆ ಕೇಳುವುದಿಲ್ಲ.

ನನ್ನ ಹೆಸರು ಹೊನ್ನೂರಮ್ಮ. ನೀವು ದೂರದರ್ಶಕದಲ್ಲಿ ನೋಡಿ ಸಂಭ್ರಮಪಡುತ್ತಿರುವ ಆ ಸಣ್ಣ ಕೆಂಪು ನಕ್ಷತ್ರದ ಕೆಳಗೆ ಹುಟ್ಟಿದವಳು. ನಿಮ್ಮಲ್ಲಿ ಓದಿದವರು ಅದರ ಬೆಳಕನ್ನು ಅಳೆದು, ಬಹಳ ಶಾಂತವಾದ ನಕ್ಷತ್ರ ಎಂದು ಬರೆದರು. ಭಕ್ತರು ಅದಕ್ಕೆ ಕೆಂಚವ್ವ ಎಂದು ಹೆಸರಿಟ್ಟು, ಈ ತಾಯಿ ತನ್ನ ಮಕ್ಕಳನ್ನು ಸುಡುವವಳಲ್ಲ ಎಂದು ಹಾಡು ಕಟ್ಟಿದರು. ಹಡಗು ತುಂಬಲು ಜನ ಬೇಕಿತ್ತು. ಅಳತೆಯನ್ನು ನಂಬದವರು ಹಾಡನ್ನು ನಂಬಿ ಹತ್ತಿದರು. ನೀವು ಕೈ ಬೀಸಿ ಕಳಿಸಿದಿರಿ, ಮನೆಗೆ ಹೋಗಿ ಊಟ ಮಾಡಿದಿರಿ.

ಇಲ್ಲಿಯ ಬಾಳು ಹೇಗಿದೆ ಕೇಳಿ. ಗಿಡದ ಎಲೆ ಕಪ್ಪು, ಕಾಳು ಕಪ್ಪು, ತಟ್ಟೆಯ ಮುದ್ದೆಯೂ ಕಪ್ಪು. ಕತ್ತಲ ಮಗ್ಗುಲಿನಿಂದ ಮಂಜುಗಡ್ಡೆ ಕೊಯ್ದು ಎಳೆದು ತಂದರೆ ಮಾತ್ರ ನೀರು. ಹೊರಗೆ ಕಾಲಿಡುವಾಗ ಹಣೆಯಿಂದ ಗಲ್ಲದವರೆಗೆ ಮರೆಬಟ್ಟೆ ಇಳಿಬಿಡಬೇಕು. ನಕ್ಷತ್ರ ಅಲುಗುವುದಿಲ್ಲವಾದ್ದರಿಂದ ನೆರಳೂ ಜರುಗುವುದಿಲ್ಲ. ಹಾಗಾಗಿ ಗೋಡೆಯ ನೆರಳು ಇಲ್ಲಿ ಆಸ್ತಿ. ಒಂದು ಮಂಚದಷ್ಟು ನೆರಳಿಗಾಗಿ ಅಣ್ಣತಮ್ಮಂದಿರು ತಲೆ ಒಡೆದುಕೊಂಡಿದ್ದನ್ನು ಕಂಡಿದ್ದೇನೆ. ಊರಿನ ದಿಬ್ಬದ ಮೇಲೆ ಕಣ್ಮನೆ ಇದೆ. ನಕ್ಷತ್ರವನ್ನು ಅಳೆಯುವ ಯಂತ್ರವೂ ಅದನ್ನು ಪೂಜಿಸುವ ಕಟ್ಟೆಯೂ ಅಲ್ಲಿ ಒಂದೇ ಸೂರಿನ ಕೆಳಗಿವೆ. ಅಳೆಯುವವನೇ ಪೂಜಾರಿ. ನನ್ನ ಕಾಲದಲ್ಲಿ ಆ ಹಿರಿತನ ನಮ್ಮಪ್ಪನಿಂದ ನನ್ನ ತಮ್ಮ ಗಾದಿಲಿಂಗಪ್ಪನಿಗೆ ಬಂದಿತ್ತು.

ಹುಟ್ಟಿದ ಪ್ರತಿ ಕೂಸನ್ನೂ ಆ ಕಟ್ಟೆಯ ಮೇಲೆ ಎತ್ತಿ ಹಿಡಿದು, ಮರೆಬಟ್ಟೆ ಇಲ್ಲದೆ ಕೆಂಚವ್ವನ ಕಡೆ ಮುಖ ಮಾಡಿಸಿ, ಹಾಡು ಮುಗಿಯುವವರೆಗೆ ಹಾಗೇ ಹಿಡಿದಿರುತ್ತಾರೆ. ಇದಕ್ಕೆ ಮೊದಲಮುಖ ಎಂದು ಹೆಸರು. ಹಾಡು ನಿಮ್ಮದೇ. ಕೆಲವು ಕೂಸುಗಳ ಕಣ್ಣು ಉಳಿಯುತ್ತದೆ, ಕೆಲವದ್ದು ಹೋಗುತ್ತದೆ. ನನ್ನ ಮಗಳು ಪೆನ್ನಮ್ಮ ತನ್ನ ಚೊಚ್ಚಲ ಮಗನನ್ನು ಹೀಗೆ ತೋರಿಸಿದಳು. ಆ ಹುಡುಗ ಕುರುಡನಾದ. ಕೆಂಚವ್ವ ಕಣ್ಣು ಕೇಳಿದಳು, ಕೊಟ್ಟವರು ಪುಣ್ಯವಂತರು ಎಂದು ಊರು ನಮ್ಮನ್ನು ಹೊಗಳಿತು. ಎರಡನೆಯದು ಹೆಣ್ಣಾಯಿತು. ಪೆನ್ನಮ್ಮ ಅದನ್ನು ಕಟ್ಟೆಗೆ ಒಯ್ಯದೆ ಬಾಗಿಲು ಹಾಕಿಕೊಂಡಳು.

ಕೆಲವು ನಿದ್ದೆಗಳಲ್ಲೇ ಊರು ನಮ್ಮ ಮನೆಗೆ ನೀರು ನಿಲ್ಲಿಸಿತು. ಆಮೇಲೆ ಗಾದಿಲಿಂಗಪ್ಪ ತಾನೇ ಬಂದ. ಹೊಸ್ತಿಲ ಒಳಗೆ ಬಂದು ಮರೆಬಟ್ಟೆ ತೆಗೆದು ಕೂತ.

"ಪೆನ್ನಮ್ಮ, ಕೂಸನ್ನ ಕರ್ಕೊಂಡು ಬಾರವ್ವ. ಜನ ನನ್ನ ಮಾತು ಮೀರೋ ಹಂಗಾಗೈತೆ" ಎಂದ.

"ಮಾವ, ಆ ಬೆಳಕು ಎಳೇ ಕಣ್ಣಿಗೆ ಏನು ಮಾಡ್ತೈತೆ ಅಂತ ನಿನ್ನ ಯಂತ್ರ ಹೇಳಲ್ವೇನು?"

ಅವನು ತಲೆ ತಗ್ಗಿಸಿದ. "ಹೇಳ್ತೈತೆ. ನನಗೂ ಗೊತ್ತೈತೆ, ನಮ್ಮಪ್ಪನಿಗೂ ಗೊತ್ತಿತ್ತು."

ನನಗೆ ಮೈ ಉರಿದುಹೋಯಿತು. "ಗೊತ್ತಿದ್ದೂ ನನ್ನ ಮೊಮ್ಮಗನ್ನ ಎತ್ತಿ ಹಿಡಿದ್ಯೇನೋ?" ಎಂದೆ.

"ಅಕ್ಕ, ಅವ್ವ ಸುಡ್ತಾಳೆ ಅಂತ ನಾನೇ ಹೇಳಿದರೆ ಈ ಜನ ಯಾವುದನ್ನ ಹಿಡಕೊಂಡು ಇಲ್ಲಿ ಬದುಕಬೇಕು? ವಾಪಸ್ ಹೋಗಾಕೆ ಹಡಗಿಲ್ಲ."

ಅದಕ್ಕೆ ಉತ್ತರ ಕೊಡಬೇಕಾದವರು ನೀವು. ಆದರೆ ಪೆನ್ನಮ್ಮ ಹೇಳಿದಳು: "ಹಂಗಾದರೆ ನೀನೇ ಎತ್ತಿಕೊಂಡು ಹೋಗು ಮಾವ. ನನ್ನ ಕೈಯಾಗೆ ಆಗಲ್ಲ." ಕೂಸನ್ನು ಅವನ ತೊಡೆಯ ಮೇಲೆ ಮಲಗಿಸಿ ಗೋಡೆಯ ಕಡೆ ತಿರುಗಿ ಕೂತಳು. ಕೂಸು ಅವನ ಬೆರಳು ಹಿಡಿದುಕೊಂಡಿತು. ಹೊರಗೆ ಜನ ಕೂಗತೊಡಗಿದ ಮೇಲೆ ಅವನು ಕೂಸನ್ನೆತ್ತಿಕೊಂಡು ಎದ್ದ.

ಮೊಮ್ಮಗನನ್ನೂ ಕರೆದುಕೊಂಡು ನಾವು ಹಿಂದೆಯೇ ಹೋದೆವು. ಕಟ್ಟೆಯ ಸುತ್ತ ಊರೆಲ್ಲ ನೆರೆದಿತ್ತು. ಅವನು ಕೂಸನ್ನು ಎತ್ತಿ ಹಿಡಿದ, ಬಟ್ಟೆ ಸರಿಸಿದ, ಹಾಡು ಶುರುವಾಯಿತು. ಮೊದಲ ಸಾಲು ಮುಗಿಯುವ ಮುನ್ನವೇ ಅವನ ಬಲಗೈ ಮೇಲೆ ಬಂದು ಕೂಸಿನ ಕಣ್ಣುಗಳನ್ನು ಮುಚ್ಚಿತು. ಜನ ಹಾಡು ನಿಲ್ಲಿಸಿದರು.

"ಕೈ ತೆಗೀರಿ, ಹಿರಿಯರೇ" ಎಂದು ಯಾರೋ ಮೆಲ್ಲಗೆ ಹೇಳಿದರು.

"ತೆಗೆಯಲ್ಲ" ಎಂದ ಗಾದಿಲಿಂಗಪ್ಪ. "ಇದು ಅವ್ವ ಅಲ್ಲ. ಉರಿಯೋ ಚೆಂಡು. ನಿಮ್ಮ ಮಕ್ಕಳ ಕಣ್ಣು ಸುಟ್ಟಿದ್ದು ಇದು, ಎತ್ತಿ ಹಿಡಿದಿದ್ದು ನಾನು."

ಮಕ್ಕಳ ಕಣ್ಣು ಕಳೆದುಕೊಂಡ ತಾಯಂದಿರೇ ಮೊದಲು ಅವನ ಮೇಲೆ ಬಿದ್ದರು. ಅವರ ಸಿಟ್ಟು ನಕ್ಷತ್ರದ ಮೇಲಲ್ಲ, ಅವಳು ಅವ್ವ ಅಲ್ಲ ಅಂದವನ ಮೇಲೆ. ಇಷ್ಟು ಕಾಲ ಪುಣ್ಯ ಎಂದುಕೊಂಡಿದ್ದನ್ನು ಅವನು ಒಂದೇ ಮಾತಿನಲ್ಲಿ ಬರೀ ಗಾಯ ಮಾಡಿಬಿಟ್ಟಿದ್ದ. ಆ ನೂಕಾಟದಲ್ಲಿ ಪೆನ್ನಮ್ಮ ಕೂಸನ್ನು ಕಿತ್ತುಕೊಂಡಳು. ನಾನು ಮೊಮ್ಮಗನ ಕೈ ಹಿಡಿದೆ. ತಮ್ಮನನ್ನು ಮೈಮೇಲೆ ಕಂಬಳಿಯೂ ಇಲ್ಲದೆ ಕತ್ತಲ ಮಗ್ಗುಲಿಗೆ ಅಟ್ಟಿದರು. ನಾವು ಬಂಡೆಗಳ ಹಿಂದಿನ ದಾರಿ ಹಿಡಿದೆವು.

ಬೆಳಕು ಮುಗಿದು ಕತ್ತಲು ಶುರುವಾಗುವ ನೆರಳಂಚಿನಲ್ಲಿ ಮಂಜು ಕೊಯ್ಯುವವರ ಬಿಡಾರವಿದೆ. ಅವರು ಒಂದೂ ಪ್ರಶ್ನೆ ಕೇಳದೆ ನಮ್ಮನ್ನು ಒಳಗೆ ಕರೆದರು. ಅವರೇ ಹೋಗಿ ಗಾದಿಲಿಂಗಪ್ಪನನ್ನು ಹುಡುಕಿ ಹೊತ್ತು ತಂದರು. ಕಾಲುಗಳು ಮೊಣಕಾಲಿನವರೆಗೆ ಚಳಿಗೆ ಕಲ್ಲಾಗಿದ್ದವು. ಒಲೆಯ ಪಕ್ಕ ಮಲಗಿಸಿದಾಗ ಕಣ್ಣು ತೆರೆದ.

"ಪೆನ್ನಮ್ಮ, ಕೂಸಿನ ಕಣ್ಣು ಹೆಂಗದಾವೆ?"

"ನೋಡ್ತಾ ಐತೆ ಮಾವ. ನಿನ್ನನ್ನೇ ನೋಡ್ತಾ ಐತೆ."

ಅವಳು ಕೂಸನ್ನು ಅವನ ಮುಖದ ಹತ್ತಿರ ಹಿಡಿದಳು. ಅವನು ನಾವು ಮಲಗುವ ಮೊದಲೇ ಹೋಗಿಬಿಟ್ಟ. ಅವನ ಮೇಲಿನ ಸಿಟ್ಟು ನನಗೆ ಇನ್ನೂ ಇಳಿದಿಲ್ಲ, ಅತ್ತಿದ್ದೂ ನಾನೇ.

ಊರಿನಲ್ಲಿ ಹೊಸ ಹಿರಿಯನನ್ನು ಕೂರಿಸಿದ್ದಾರೆ. ಮೊದಲಮುಖ ಈಗಲೂ ನಡೆಯುತ್ತದೆ. ಇತ್ತೀಚೆಗೆ ಇಬ್ಬರು ಬಸುರಿಯರು ಹೆರಿಗೆಗೆಂದು ಬಿಡಾರಕ್ಕೆ ಬಂದಿದ್ದಾರೆ.

ಹಿರಿಯರೇ, ಹಡಗು ಕಟ್ಟಬೇಡಿ, ಹಾಡು ಹೇಳಬೇಡಿ, ಯಾರನ್ನೂ ಇಲ್ಲಿಗೆ ಕಳಿಸಬೇಡಿ ಎಂದು ಬರೆಯಲೆಂದೇ ನಾನು ಕೂತದ್ದು. ಇಷ್ಟು ಬರೆಯುವಷ್ಟರಲ್ಲಿ ಮೊಮ್ಮಗಳು ಎದ್ದು ಬಂದಳು. ಈಗ ನಡೆಯುತ್ತಾಳೆ. ಅಣ್ಣನ ಕೈ ಹಿಡಿದು, ಕಲ್ಲು ಎಲ್ಲಿದೆ, ಒಲೆ ಎಲ್ಲಿದೆ ಎಂದು ತೊದಲುತ್ತಾ ಅವನನ್ನು ನಡೆಸಿಕೊಂಡು ಓಡಾಡುತ್ತಾಳೆ. ಅಂದು ನೀವು ಹಡಗು ಕಳಿಸದಿದ್ದರೆ ಇವಳು ಇರುತ್ತಲೇ ಇರಲಿಲ್ಲ.

ಕಳಿಸಬೇಡಿ ಎಂಬ ಆ ಮಾತನ್ನು ಬರೆಯಲು ಈಗ ನನ್ನಿಂದ ಆಗುತ್ತಿಲ್ಲ. ಅದನ್ನೂ ನನ್ನ ಕೈಯಿಂದ ಕಿತ್ತುಕೊಂಡಿರಲ್ಲ, ಅದಕ್ಕಾಗಿ ನಿಮ್ಮನ್ನು ಎಂದಿಗೂ ಕ್ಷಮಿಸಲಾರೆ.

ಹೊನ್ನೂರಮ್ಮ